ನಿಶ್ಚಲ ಚಿತ್ರದಲ್ಲಿ ಕದಲಿದ ಕಲ್ಲು

ಏನೂ ನಡೆಯದ ಸಿನಿಮಾ ಮಾಡುವುದು ಅತ್ಯಂತ ಸುಲಭ ಎಂದು ನಾನು ನಂಬಿದ್ದೆ. ಹೊಳಲ್ಕೆರೆಯ ಶಾಲೆಯಲ್ಲಿ ಚಿತ್ರಕಲೆ ಕಲಿಸುವ ನನಗೆ ಪ್ರಾಯೋಗಿಕ ಕಿರುಚಿತ್ರದ ಹುಚ್ಚು ಹಿಡಿದಿತ್ತು. ನಟರಿಲ್ಲ, ಮಾತಿಲ್ಲ, ಕಥೆಯಂತೂ ಇಲ್ಲವೇ ಇಲ್ಲ. ಹಿರಿಯೂರಿನ ಹತ್ತಿರ ಹೆಂಡತಿಯ ತವರಿನಲ್ಲಿ ನಮ್ಮ ಅತ್ತೆಯ ಹೊಲ, ಹಿಂದೆ ಗುಡ್ಡ, ಗುಡ್ಡದ ಮೇಲೆ ಗಾಳಿಯಂತ್ರಗಳು. ಕ್ಯಾಮೆರಾ ಕದಲದೆ ನಿಂತು ನೋಡುತ್ತದೆ. ಅಷ್ಟೆ.

ಒಂದೇ ತೊಂದರೆ. ಚೌಕಟ್ಟಿನ ಬಲಕ್ಕೆ ಒಂದು ಕಲ್ಲು ನಿಂತು ದೃಶ್ಯದ ಸಮತೋಲನವನ್ನೇ ಕೆಡಿಸುತ್ತಿತ್ತು. ಕಲೆಗಾಗಿ ಬೆವರು ಸುರಿಸಲು ಹಿಂಜರಿಯುವವನಲ್ಲ ನಾನು. ಹಾರೆ ಹಾಕಿ ಕಿತ್ತು, ನಾಲ್ಕು ಮಾರು ಎಡಕ್ಕೆ ನೆಟ್ಟೆ. ದೃಶ್ಯ ಕಣ್ಣಿಗೆ ಹಬ್ಬವಾಯಿತು.

ಭಾನುವಾರ ಅತ್ತೆಯ ಮನೆಯ ಟಿವಿಗೆ ಪೆನ್‌ಡ್ರೈವ್ ಸಿಕ್ಕಿಸಿದೆ. ಪಕ್ಕದ ಹೊಲದ ಬಸಣ್ಣನವರೂ ಬಂದು ಕೂತರು. ಮಾವ ತೀರಿಕೊಂಡ ಮೇಲೆ ಅತ್ತೆಗೆ ಒಡಹುಟ್ಟಿದವರಂತೆ ನಿಂತವರು ಅವರು.

“ಟಿವಿ ನಿಂತೋತೇನ್ರಿ ಮೇಷ್ಟ್ರೆ?” ಎಂದರು.

“ಇಲ್ಲಣ್ಣ, ಗುಡ್ಡದ ಮ್ಯಾಲೆ ಫ್ಯಾನು ತಿರುಗ್ತಾ ಅವೆ ನೋಡು,” ಎಂದರು ಅತ್ತೆ.

ನಾನು ಗಂಟಲು ಸರಿಮಾಡಿಕೊಂಡೆ. “ಈ ಭೂಮಿಯನ್ನು ನೀವು ಹಿಂದೆಂದೂ ಹೀಗೆ ನೋಡಿರಲಿಕ್ಕಿಲ್ಲ.”

“ಇಲ್ಲ,” ಎಂದು ಬಸಣ್ಣ ಎದ್ದು ನಿಂತರು. “ಬಾಂದು ಕಲ್ಲು ನನ್ನ ಹೊಲದೊಳಕ್ಕೆ ಬಂದೈತೆ. ಏನಮ್ಮ ತಂಗಿ, ಕೇಳಿದ್ರೆ ನಾನೇ ಕೊಡ್ತಿರ್ಲಿಲ್ವೇನು?”

ಬಾಂದು ಕಲ್ಲು! ಎರಡು ಹೊಲಗಳ ಗಡಿಗೆಂದು ಸರ್ಕಾರ ಅಳೆದು ನೆಟ್ಟ ಕಲ್ಲು! ದುರ್ಗದ ಪೇಟೆಯಲ್ಲಿ ಬೆಳೆದ ನನಗೆ ಕಲ್ಲೆಂದರೆ ಕಲ್ಲು. ಅತ್ತೆಯ ಮುಖ ಬಿಳಿಚಿಕೊಂಡಿತ್ತು. ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ನನಗೆ ನಾಚಿಕೆಯಿಂದ ಸಾಯುವಂತಾಯಿತು.

“ಕಿತ್ತವನು ನಾನು,” ಎಂದೆ. “ಸಮತೋಲನಕ್ಕೆ.”

“ಯಾತಕ್ಕಂದ್ರಿ?”

“ನೋಡೋಕೆ ಚೆಂದ ಕಾಣಲಿ ಅಂತ.”

ಬಸಣ್ಣ ನಂಬಲಿಲ್ಲ. “ಅತ್ತೇನ ಉಳಿಸ್ಕಳಕೆ ಎಂಥಾ ಸುಳ್ಳು ಹೇಳ್ತೀರಿ,” ಎಂದು ಹೊಸಿಲು ದಾಟಿ ಚಪ್ಪಲಿ ಮೆಟ್ಟಿದರು. ಆಗ ನನ್ನ ಹೆಂಡತಿ ಅಡುಗೆಮನೆಯಿಂದ ಓಡಿಬಂದಳು.

“ಬರ್ರಿ ಮಾವ, ಕುಂತ್ಕಳ್ರಿ. ಇವ್ರು ಇರೋದೇ ಹಿಂಗೆ. ಫೋಟೋ ಚೆನ್ನಾಗಿ ಬರ್ಲಿ ಅಂತ ಪಕ್ಕದ ಮನೆಯೋರ ಕರೆಂಟ್ ಮೀಟರಿಗೆ ಹಸಿರು ಬಣ್ಣ ಬಳಿದಿದ್ರು.”

“ಕದಿಯೋವಷ್ಟು ಬುದ್ಧಿ ನಮ್ಮ ಅಳಿಯಂದ್ರಿಗೆ ಎಲ್ಲೈತಣ್ಣ?” ಎಂದರು ಅತ್ತೆ, ಕಣ್ಣೊರೆಸಿಕೊಳ್ಳುತ್ತ.

ಬಸಣ್ಣ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. ಬಿಗಿದ ಮುಖ ನಿಧಾನವಾಗಿ ಸಡಿಲವಾಯಿತು.

“ಅದೂ ನಿಜ ಬಿಡಮ್ಮ,” ಎಂದು ಒಳಗೆ ಬಂದು ಕೂತು ಕಾಫಿ ಕೇಳಿದರು.

ಎರಡು ಮನೆಗಳ ನಂಟು ಉಳಿಯಿತು. ನನ್ನ ದಡ್ಡತನದ ಬಗ್ಗೆ ಎರಡೂ ಕಡೆಯವರಲ್ಲಿ ಎರಡನೆಯ ಮಾತೇ ಇರಲಿಲ್ಲ.