ಹಾಜರಿ ಪುಸ್ತಕ ಗೆದ್ದಲು ತಿಂದ ಮೇಲೆ

ಕೋರ್ಟಿನಲ್ಲಿ ಗೆದ್ದವ ಸೋತ, ಸೋತವ ಸತ್ತ ಎನ್ನುತ್ತಾರೆ. ಅವರಿಬ್ಬರ ನಡುವೆ ನಗು ತಡೆದು ತಡೆದು ಹೊಟ್ಟೆ ನೋಯಿಸಿಕೊಂಡವನೊಬ್ಬ ಇರುತ್ತಾನೆ, ಅವನೇ ವಕೀಲರ ಗುಮಾಸ್ತ. ಬಳ್ಳಾರಿಯಲ್ಲಿ ನಾನು ಅದೇ ಕೆಲಸದಲ್ಲಿದ್ದೆ. ರಿಟೈರಾದ ಮೇಷ್ಟರು ಕಕ್ಷಿದಾರರಾಗಿ ಬಂದರಂತೂ ಒಂದಲ್ಲ ಒಂದು ಪ್ರಸಂಗ ಖಾಯಂ.

೧. ಕಾಲು

ನಮ್ಮ ಜಿಲ್ಲೆ ಇನ್ನೂ ಮದ್ರಾಸಿಗೆ ಸೇರಿದ್ದ ಕಾಲ. ಸಿರುಗುಪ್ಪದಿಂದ ವಯಸ್ಸಾದ ಮೇಷ್ಟರೊಬ್ಬರು ಬಂದರು. ಅವರು ಕುರುಗೋಡಿನ ಸಾಲೆಯಲ್ಲಿ ಕಲಿಸಿದ ಐದು ವರ್ಷಗಳ ಹಾಜರಿ ಪುಸ್ತಕವನ್ನು ಗೆದ್ದಲು ತಿಂದಿತ್ತು. ದಾಖಲೆ ಇಲ್ಲದ ಮೇಲೆ ಆ ಸರ್ವಿಸೂ ಇಲ್ಲ ಎಂದಿದ್ದರು ಸಾಲೆ ನಡೆಸುವ ಬೋರ್ಡಿನವರು. ಆ ಐದು ವರ್ಷ ಕಳೆದರೆ ಪೆನ್ಷನ್ನೇ ಸಿಗುವುದಿಲ್ಲ. ಮೇಷ್ಟರಿಗೂ ಅವರ ಹೆಂಡತಿಗೂ ಬೇರೆ ದಿಕ್ಕಿರಲಿಲ್ಲ. ನನಗೆ ನಿಜಕ್ಕೂ ಕೆಡುಕೆನಿಸಿತು.

ನಮ್ಮ ವಕೀಲರಿಗೆ ಕಾಲ ಮೇಲೆ ಕಾಲು ಹಾಕಿ ಓದುವ ಚಟ. ದಾವೆಯ ಕಾಗದವನ್ನು ಹಾಗೇ ಓದತೊಡಗಿದರು. ಮೇಷ್ಟರು ಆ ಕಾಲನ್ನೇ ನೋಡುತ್ತ ಕೂತರು. ಎರಡನೇ ಸಾಲಿಗೆ ಕಾಲು ಕೆಳಗಿಳಿಯಿತು. ನಾಲ್ಕನೇ ಸಾಲಿಗೆ ವಕೀಲರು ಎದ್ದು ನಿಂತು ಓದುತ್ತಿದ್ದರು.

೨. ಮಗ್ಗಿ

ಸಾಕ್ಷಿ ಹುಡುಕಲು ಕುರುಗೋಡಿಗೆ ಹೋದೆ. ಹಳೆಯ ಶಿಷ್ಯರಿಗೇನೂ ಬರ ಇರಲಿಲ್ಲ. ಮೇಷ್ಟರನ್ನೂ ಕರೆದುಕೊಂಡು ಹೋದದ್ದು ಮಾತ್ರ ನನ್ನ ದಡ್ಡತನ. ಬಿಳಿ ಮೀಸೆಯ ರೈತನೊಬ್ಬ ಸಾಕ್ಷಿ ಹೇಳಲು ಖುಷಿಯಿಂದ ಒಪ್ಪಿ, ಹೆಬ್ಬೆಟ್ಟಿಗೆ ಮಸಿಯನ್ನೂ ಬಳಿದುಕೊಂಡ. ಆಗ ಮೇಷ್ಟರು ಅವನನ್ನು ಗುರುತಿಸಿದರು.

"ನೀನು ಹತ್ತೊಂಬತ್ತರ ಮಗ್ಗಿ ಒಪ್ಪಸೋದು ಬಾಕಿ ಇತ್ತಲ್ಲಲೇ?"

ಎತ್ತಿಗೆ ನೀರು ಕುಡಿಸಿ ಬರುತ್ತೇನೆ ಎಂದು ಹೋದವನು ಸಂಜೆಯಾದರೂ ಬರಲಿಲ್ಲ. ಅಷ್ಟರಲ್ಲಿ ಸುದ್ದಿ ಹಬ್ಬಿ, ಊರಿನಲ್ಲಿ ಐವತ್ತು ದಾಟಿದ ಗಂಡಸರು ಯಾರೂ ಕೈಗೆ ಸಿಗದಂತಾದರು.

೩. ಜ್ವರ

ಬೋರ್ಡಿನ ವಕೀಲರಿಗೆ ವಾಯಿದೆಯ ದಿನ ತಪ್ಪದೆ ಜ್ವರ ಬರುತ್ತಿತ್ತು. ಮೇಷ್ಟರು ಪ್ರತಿ ಸಲ ಸಿರುಗುಪ್ಪದಿಂದ ಬಸ್ಸಿನಲ್ಲಿ ಬಂದು, ಕೋರ್ಟಿನ ಬೇವಿನ ಮರದಡಿ ಬುತ್ತಿ ಉಂಡು, ವಾಪಸಾಗಬೇಕು. ನಾಲ್ಕನೇ ಸಲ ಅವರು ಆ ವಕೀಲರ ಮನೆ ಎಲ್ಲಿ ಎಂದು ಕೇಳಿದರು. ಸಾಲೆಗೆ ಬಾರದ ಹುಡುಗನ ಮನೆಗೇ ಹೋಗಿ ಹಣೆ ಮುಟ್ಟಿ ನೋಡುವುದು ಅವರ ಹಳೆಯ ಪದ್ಧತಿಯಂತೆ. ನಾನು ದಾರಿ ತೋರಿಸಿದೆ.

ಜ್ವರದ ವಕೀಲರು ಪಡಸಾಲೆಯಲ್ಲಿ ಮಂಡಾಳು, ಮಿರ್ಚಿ ತಿನ್ನುತ್ತಿದ್ದರು. ಮೇಷ್ಟರು ಹಣೆ ಮುಟ್ಟಿ, "ಏನೂ ಇಲ್ಲ, ಬಾ" ಎಂದರು. ಅವರು ಕೋಟು ಹಾಕಿಕೊಂಡು ಹಿಂದೆಯೇ ಹೊರಟರು. ಅರ್ಧ ದಾರಿಯಲ್ಲಿ, ತಾವು ಯಾಕೆ ಬರುತ್ತಿದ್ದೇವೆ ಎಂದು ನನ್ನನ್ನೇ ಮೆಲ್ಲಗೆ ಕೇಳಿದರು.

೪. ಹಾಜರಿ

ಹೀಗೆ ಅಂದೇ ವಿಚಾರಣೆ ನಡೆಯಿತು. ಬೋರ್ಡಿನ ಹೆಡ್ ಗುಮಾಸ್ತ ಕಟಕಟೆ ಹತ್ತಿ, ಈ ಮೇಷ್ಟರು ಕುರುಗೋಡಿನಲ್ಲಿ ಕಲಿಸಿದ್ದಕ್ಕೆ ದಾಖಲೆ ಇಲ್ಲ, ತಾನಂತೂ ಇವರನ್ನು ಕಂಡೇ ಇಲ್ಲ ಎಂದು ಹೇಳಿ ಕೆಳಗಿಳಿದು ಕೂತ. ಕನ್ನಡಕ, ಬೋಳುತಲೆಯ ದೊಡ್ಡ ಮನುಷ್ಯ. ಮೇಷ್ಟರಿಗೂ ಅವನ ಗುರುತು ಹತ್ತಲಿಲ್ಲ.

ಮುಂದೆ ಮೇಷ್ಟರ ಸರದಿ. ನಿಮ್ಮ ಕಡೆ ಏನು ಪುರಾವೆ ಇದೆ ಎಂದು ಮುನಸೀಫರು ಕೇಳಿದರು. ಸಾಕ್ಷಿಗಳೆಲ್ಲ ಎತ್ತಿಗೆ ನೀರು ಕುಡಿಸಲು ಹೋಗಿದ್ದರು. ನಮ್ಮ ವಕೀಲರು ತಲೆ ತಗ್ಗಿಸಿದರು.

"ಪುಸ್ತಕ ಗೆದ್ದಲು ತಿಂದ್ರ ಏನಾತ್ರಿ," ಎಂದರು ಮೇಷ್ಟರು, "ನನ್ನ ತಲಿಯಾಗ ಐತಿ."

ಕಣ್ಣು ಮುಚ್ಚಿ ಹಾಜರಿ ಕರೆಯತೊಡಗಿದರು. ನಂಬರ್ ಒಂದು. ಉತ್ತರವಿಲ್ಲ. ಎಮ್ಮೆ ಕಾಯಲು ಹೋಗಿದ್ದಾನೆ ಎಂದು ತಾವೇ ಹೇಳಿಕೊಂಡರು. ನಂಬರ್ ಎರಡು ಅಜ್ಜಿಯ ಊರಿಗೆ ಹೋಗಿದ್ದ. ಸಾಲೆಯ ಅದೇ ರಾಗ, ಅದೇ ಗತ್ತು. ಮುನಸೀಫರೂ ತಡೆಯಲಿಲ್ಲ. ಹೀಗೇ ಹತ್ತಾಯಿತು.

"ನಂಬರ್ ಹನ್ನೊಂದು."

"ಹಾಜರ್ ಸಾರ್."

ಬೋರ್ಡಿನ ಹೆಡ್ ಗುಮಾಸ್ತ ಕೈಕಟ್ಟಿಕೊಂಡು ಎದ್ದು ನಿಂತಿದ್ದ.

ಮುನಸೀಫರು ಕೆಮ್ಮುವಂತೆ ಮಾಡಿ ನಗು ನುಂಗಿ, ಆ ಮಾತನ್ನು ಬರೆದುಕೊಂಡರು. ಪೆನ್ಷನ್ ಉಳಿಯಿತು ಎಂದು ನನಗೆ ಆಗಲೇ ಗೊತ್ತಾಯಿತು, ಕಣ್ಣು ತೇವವಾಯಿತು. ಇನ್ನು ಕೂತುಕೊಳ್ಳಿ ಎಂದು ಮುನಸೀಫರು ಹೆಡ್ ಗುಮಾಸ್ತನಿಗೆ ಎರಡು ಸಲ ಹೇಳಿದರು. ಅವನು ಕೂರಲಿಲ್ಲ. ಬೆವರುತ್ತ ಮೇಷ್ಟರನ್ನೇ ನೋಡುತ್ತಿದ್ದ.

ಮೇಷ್ಟರು ಕಣ್ಣು ಬಿಟ್ಟು ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು.

"ಕುಂದ್ರಲೇ," ಎಂದರು.

ಆಗ ಕೂತ.