ಕಾಕಾ ತೆಗೆದ ಬೆನ್ನಿನ ಸಿನಿಮಾ

ನಮ್ಮ ಕಾಕಾ ಇಳಕಲ್ಲಿನ ಅತಿ ದೊಡ್ಡ ಸಿನಿಮಾ ನಿರ್ದೇಶಕರು. ಒಂದು ಸಿನಿಮಾವೂ ಮುಗಿದಿಲ್ಲ ಎನ್ನುವುದು ಬೇರೆ ಮಾತು! ನನ್ನ ದಿನಚರಿಯ ಲೆಕ್ಕದಂತೆ ಶುರುವಾದವು ನಾಲ್ಕು, ಮುಗಿದದ್ದು ಸೊನ್ನೆ, ಮುನಿಸಿಕೊಂಡು ಹೋದ ನಟರು ಹನ್ನೊಂದು. ಅವರಲ್ಲಿ ಒಂದು ಎಮ್ಮೆಯೂ ಸೇರಿದೆ.

ಹೊಟ್ಟೆಪಾಡಿಗೆ ಕಾಕಾ ಸೀರೆ ನೇಯುತ್ತಾರೆ. ಅಂಗಡಿಯಲ್ಲಿ ಯಾವ ಸೀರೆ ಕಂಡರೂ ಮೊದಲು ಮಗುಚಿ ಹಿಂಬದಿ ನೋಡುತ್ತಾರೆ.

“ಮುಂದಿಂದು ಮಂದಿಗೆ ತೋರಸಾಕ. ನೇಕಾರನ ಖರೆ ಕೆಲಸ ಹಿಂದ ಇರ್ತೈತಿ.”

ಈ ಚಟವನ್ನು ಅವರು ಮಗ್ಗದ ಹತ್ತಿರವೇ ಬಿಟ್ಟಿದ್ದರೆ ಚೆನ್ನಾಗಿತ್ತು. ಗುಡೂರಿನ ಮದುವೆಯೊಂದಕ್ಕೆ ವೀಡಿಯೊ ತೆಗೆಯಲು ಹೋದವರು ತಾಳಿ ಕಟ್ಟುವ ಹೊತ್ತಿಗೆ ಅಡುಗೆಮನೆಯಲ್ಲಿ ಹೋಳಿಗೆ ತಟ್ಟುವವರ ಕೈ ತೆಗೆಯುತ್ತಿದ್ದರು.

“ಮದುಮಗ ಎಲ್ಲಿ ಅದಾನಲೇ?” ಎಂದು ವೀಡಿಯೊ ನೋಡಿದ ಬೀಗರು ಗುಡುಗಿದರು.

“ಅಂವ ಹೆಂಗೂ ಆಲ್ಬಮ್ಮಿನ್ಯಾಗ ಇರ್ತಾನಲ್ರಿ!”

ಇಂಥವರಿಗೆ ಹೆಡ್‌ಮಾಸ್ತರು ಶಾಲೆಯ ನಾಟಕ ಚಿತ್ರೀಕರಿಸಲು ಹೇಳಿದರು. ಯಾಕೆ? ಪುಕ್ಕಟೆ ಸಿಗುವ ನಿರ್ದೇಶಕರು ಊರಲ್ಲಿ ಇನ್ನೊಬ್ಬರಿಲ್ಲ!

ಕಾಕಾನ ಮಗಳು ಭಾಗ್ಯಾ ಆಗ ಊಟ ಬಿಟ್ಟಿದ್ದಳು. ನಾಟಕವೆಲ್ಲ ಬಾಯಿಪಾಠವಿದ್ದರೂ ಅವಳಿಗೆ ಪಾತ್ರ ಸಿಕ್ಕಿರಲಿಲ್ಲ. ಪಕ್ಕದ ಪರದೆಯ ಮರೆಯಲ್ಲಿ ನಿಂತು ಮರೆತವರಿಗೆ ಮಾತು ನೆನಪಿಸುವ ಕೆಲಸ ಸಿಕ್ಕಿತ್ತು.

“ಅಲ್ಲಿ ನನ್ನ ಯಾರ ನೋಡ್ತಾರಪಾ? ನಾ ಇನ್ನ ಸಾಲಿಗೇ ಹೋಗಂಗಿಲ್ಲ.”

“ಪಿಕ್ಚರ್ ತಗಿಯಾಂವ ನಾ ಅದೀನಲ್ಲ? ಮೊದಲ ರೊಟ್ಟಿ ತಿನ್ನು.”

ನಾಟಕದ ದಿನ ರಾಜನ ಮೀಸೆ ಎರಡನೆಯ ಮಾತಿಗೇ ಉದುರಿತು. ಮಂತ್ರಿ ಅದನ್ನು ಗೌರವದಿಂದ ಎತ್ತಿ ತಾನೇ ಅಂಟಿಸಿಕೊಂಡ. ಕುದುರೆಯ ಮುಂಗಾಲು ಯುದ್ಧಕ್ಕೆ ಹೋಯಿತು. ಹಿಂಗಾಲು ಅವ್ವನನ್ನು ಕಂಡು ಪ್ರೇಕ್ಷಕರ ಕಡೆ ಇಳಿಯಿತು. ರಾಜ್ಯ ಹೇಗೋ ಉಳಿಯಿತು.

ಮರುವಾರ ಶಾಲೆಯ ಗೋಡೆಯ ಮೇಲೆ ಪ್ರದರ್ಶನ. ರಾಜನ ಬೆನ್ನು, ಮಂತ್ರಿಯ ಬೆನ್ನು, ಸಡಿಲ ಅಂಗಿಗೆ ಚುಚ್ಚಿದ ಪಿನ್ನು. ಕಾಕಾ ಇಡೀ ನಾಟಕವನ್ನು ಹಿಂದಿನಿಂದ ತೆಗೆದಿದ್ದರು!

ರಾಜನ ತಂದೆ ಎದ್ದು ನಿಂತರು. “ಏನ್ರೀ, ನನ್ನ ಮಗನ ಮಾರಿ ಎಲ್ಲೈತ್ರಿ?”

“ಸ್ವಲ್ಪ ತಡೀರಿ. ಹಿಂದಿನ ಕೆಲಸ ನೋಡ್ರಿ.”

“ಹಿಂದ ಏನೈತ್ರಿ, ಮಣ್ಣು!”

ಅಷ್ಟರಲ್ಲಿ ಕ್ಯಾಮೆರಾ ಮೆಲ್ಲನೆ ಪಕ್ಕದ ಪರದೆಯತ್ತ ಹೊರಳಿತು. ಅಲ್ಲಿ ಭಾಗ್ಯಾ. ರಾಜ ತಡವರಿಸಿದರೆ ಅವಳು ಗದ್ದ ಎತ್ತಿ ರಾಜನಾಗುತ್ತಿದ್ದಳು. ಮಂತ್ರಿ ಮರೆತರೆ ಬಗ್ಗಿ ಕೈಮುಗಿಯುತ್ತಿದ್ದಳು. ಅವಳ ತುಟಿ ಅಲುಗಿದ ಮೇಲೆಯೇ ಅವರ ಮಾತು ಹೊರಡುತ್ತಿತ್ತು.

“ಅಪ್ಪಾ, ಸುಮ್ಮ ಕುಂದ್ರು,” ಎಂದ ರಾಜ. “ಅಕಿ ಹೇಳಿದ್ದನ್ನ ನಾ ಹೇಳೀನಿ.”

ರಾಜನ ತಂದೆ ಕುಳಿತರು. ಮುಗಿದ ಸಿನಿಮಾ ಒಂದು ಎಂದು ನಾನು ಮನಸ್ಸಿನಲ್ಲೇ ಲೆಕ್ಕ ತಿದ್ದಿಕೊಂಡೆ.

ಅದನ್ನು ಹೇಳಲು ತಿರುಗಿದರೆ, ನಿರ್ದೇಶಕರು ತಮ್ಮ ಸಿನಿಮಾ ನೋಡುತ್ತಲೇ ಇರಲಿಲ್ಲ. ಗೋಡೆಗೆ ಬೆನ್ನು ಮಾಡಿ ಕುಳಿತು, ಎದುರಿಗಿದ್ದ ಮಗಳ ಮುಖ ನೋಡುತ್ತಿದ್ದರು.