ಮಾವನ ಕನಸಿಗೆ ನಾನು ಕೈಹಾಕಿದ್ದು

ನಿದ್ದೆಯಲ್ಲಿರುವವರ ಮನಸ್ಸು ತಿದ್ದುವ ವಿದ್ಯೆ ನನಗೆ ಸಿದ್ಧಿಸಿದೆ ಎಂದು ಹೋದ ಬೇಸಿಗೆಯಲ್ಲಿ ನಾನು ದೃಢವಾಗಿ ನಂಬಿದ್ದೆ. ಗುರುಗಳು ನನ್ನ ಮೊಬೈಲಿನೊಳಗಿದ್ದರು. ಕೋಟು ತೊಟ್ಟು, ಕಣ್ಣು ಅರ್ಧ ಮುಚ್ಚಿ ಅವರು ಬೋಧಿಸಿದ್ದು ಇಷ್ಟು: ಮಲಗಿದವರ ರೆಪ್ಪೆ ಅದುರಿದರೆ ಕನಸು ಶುರುವಾಯಿತೆಂದು ತಿಳಿಯಿರಿ. ಆಗ ಅವರ ಪ್ರೀತಿಪಾತ್ರರ ದನಿಯಲ್ಲಿ ಕಿವಿಯ ಬಳಿ ಮೆಲ್ಲಗೆ ನಿಮ್ಮ ಮಾತು ಹೇಳಿ. ಮಾತಿಗೆ ತಕ್ಕ ವಾಸನೆಯೊಂದನ್ನು ಮೂಗಿಗೆ ಹಿಡಿಯಿರಿ. ಎದ್ದ ಮೇಲೆ ಅದು ತಮ್ಮದೇ ವಿಚಾರ ಎಂದುಕೊಂಡು ಮಾಡಿಯೇ ತೀರುತ್ತಾರೆ!

ನಾನು ಬೆಟಗೇರಿಯಲ್ಲಿ ಸೀರೆ ಅಂಗಡಿ ಇಟ್ಟವನು. ಎಚ್ಚರ ಇರುವವರನ್ನು ಒಪ್ಪಿಸುವುದು ಎಂಥ ಕಷ್ಟ ಎಂಬುದು ನನಗೆ ಗೊತ್ತು. ಮಲಗಿದವರನ್ನು ಒಪ್ಪಿಸಬಹುದು ಎಂದರೆ ಬಿಡುತ್ತೇನೆಯೇ? ಮೊದಲ ಪ್ರಯೋಗವನ್ನು ಹೆಂಡತಿ ಗಿರಿಜೆಯ ಮೇಲೇ ಮಾಡಿದೆ. ಮಧ್ಯಾಹ್ನ ಅವಳು ಅಡ್ಡಾದಾಗ ಕಿವಿಯಲ್ಲಿ "ಮಿರ್ಚಿ... ಮಿರ್ಚಿ..." ಎಂದೆ. ಸಂಜೆ ತಟ್ಟೆ ತುಂಬ ಬಿಸಿ ಬಿಸಿ ಮಿರ್ಚಿ ಭಜಿ! ನಾನು ಕುಣಿದೇಬಿಟ್ಟೆ.

ಇನ್ನು ನನ್ನ ಶಕ್ತಿಯನ್ನು ಲೋಕಕಲ್ಯಾಣಕ್ಕೆ ಬಳಸುವುದಷ್ಟೇ ಬಾಕಿ. ಲೋಕಕಲ್ಯಾಣ ಎಂದರೆ ನನ್ನ ಮಾವ. ಮುಂಡರಗಿಯಲ್ಲಿರುವ ಮಾವ ವೀರಪ್ಪನವರಿಗೆ ಎರಡೂ ಕಣ್ಣಿಗೆ ಪೊರೆ ಬಂದಿತ್ತು. ಆಪರೇಷನ್ ಎಂದರೆ ಸಾಕು, ಎದ್ದು ಹೊರಗೆ ಹೋಗಿಬಿಡುತ್ತಿದ್ದರು. ಆದರೆ ಸ್ಕೂಟರ್ ಬಿಟ್ಟಿರಲಿಲ್ಲ! ಸಿಂಗಟಾಲೂರು ರಸ್ತೆಯಲ್ಲಿ ಎಮ್ಮೆಯೊಂದರ ಮುಂದೆ ಗಾಡಿ ನಿಲ್ಲಿಸಿ, "ಅಕ್ಕಾರ, ಸ್ವಲ್ಪ ಬಾಜೂಕ ಸರೀರಿ" ಎಂದಿದ್ದರಂತೆ. ಅಂದು ಎಮ್ಮೆ. ನಾಳೆ ಲಾರಿಯಾದರೆ? ಗಿರಿಜೆ ಅತ್ತು ಹೇಳಿದರೂ ಅವರು ಕೇಳಲಿಲ್ಲ.

ಮಾವ ಹೆದರುತ್ತಿದ್ದುದು ಹಿರೇಹಂದಿಗೋಳದಲ್ಲಿ ತಮ್ಮನ ಮನೆಯಲ್ಲಿದ್ದ ತಾಯಿಗೆ, ಅಂದರೆ ಗಿರಿಜೆಯ ಅಜ್ಜಿಗೆ ಮಾತ್ರ. ಆದರೆ, "ಅವ್ವಗ ಯಾರೂ ಹೇಳಬ್ಯಾಡ್ರಿ, ಗಾಬರಿ ಆಗ್ತಾಳ" ಎಂದು ನಮ್ಮೆಲ್ಲರಿಂದ ಆಣೆ ಹಾಕಿಸಿಕೊಂಡಿದ್ದರು. ನಾನು ಆಣೆ ಮುರಿಯುವವನಲ್ಲ. ಅಜ್ಜಿಗೆ ಹೇಳಬಾರದು, ಸರಿ. ಅಜ್ಜಿಯ ದನಿಯಲ್ಲಿ ಹೇಳಬಾರದು ಎಂದೇನೂ ಇರಲಿಲ್ಲವಲ್ಲ!

"ಬ್ಯಾಡ್ರಿ, ಏನರ ಅನಾಹುತ ಮಾಡೀರಿ" ಎಂದಳು ಗಿರಿಜೆ.

"ನೀ ಸುಮ್ಮನ ನೋಡ್ಕೋತ ಕುಂದ್ರು" ಎಂದೆ.

ಭಾನುವಾರ ಮುಂಡರಗಿಗೆ ಹೋದೆವು. ಊಟವಾದ ಮೇಲೆ ನಾನು ಔಷಧಿ ಅಂಗಡಿಗೆ ಹೋಗಿ ಸ್ಪಿರಿಟ್ಟು, ಹತ್ತಿ ತಂದೆ. ಆಸ್ಪತ್ರೆಯ ವಾಸನೆ ಬೇಕಲ್ಲ! ಬರುವಷ್ಟರಲ್ಲಿ ಪಡಸಾಲೆಯ ಫ್ಯಾನಿನ ಕೆಳಗೆ, ಮಾವನ ಜಾಗದಲ್ಲಿ, ಮುಖದ ಮೇಲೆ ಟವೆಲ್ ಹೊದ್ದು ಗೊರಕೆ ಶುರುವಾಗಿತ್ತು. ರೆಪ್ಪೆ ಕಾಣುತ್ತಿರಲಿಲ್ಲ. ಟವೆಲ್ ಅದುರುತ್ತಿತ್ತು. ಅಷ್ಟು ಸಾಕು!

ಹತ್ತಿಯನ್ನು ಮೂಗಿನ ಹತ್ತಿರ ಹಿಡಿದು, ಅಜ್ಜಿಯ ನಡುಗುವ ದನಿ ತೆಗೆದೆ. "ಯಪ್ಪಾ... ನಾ ನಿಮ್ಮವ್ವ ಬಂದೀನಿ... ಬೆಳಕು ನೋಡು, ಎಷ್ಟು ಬೆಳಕು... ಹೆದರಬ್ಯಾಡ, ನಾ ನಿನ್ನ ಕೂಡ ಅದೀನಿ..."

ಪೊರೆಯ ವಿಷಯಕ್ಕೆ ಇನ್ನೂ ಬಂದಿರಲಿಲ್ಲ. ಅಷ್ಟರಲ್ಲಿ ಮಲಗಿದ್ದವರು ಕಿಟಾರನೆ ಕಿರುಚಿ ಎದ್ದು ಕೂತರು. ಟವೆಲ್ ಜಾರಿತು. ಅವರು ಮಾವ ಆಗಿರಲಿಲ್ಲ! ನಾನು ಹೊರಗೆ ಹೋಗಿದ್ದಾಗ ಹಿರೇಹಂದಿಗೋಳದಿಂದ ಬಂದಿದ್ದ ಮಾವನ ತಮ್ಮ, ನಿಂಗಪ್ಪ ಕಾಕಾ!

"ಅಣ್ಣಾ! ಅವ್ವ ಹೋದ್ಲೋ!"

ಹಿತ್ತಲ ಬೇವಿನ ನೆರಳಿನಲ್ಲಿ ಮಲಗಿದ್ದ ಮಾವ ಬಾಗಿಲ ಚೌಕಟ್ಟಿಗೆ ಡಿಕ್ಕಿ ಹೊಡೆಯುತ್ತ ಓಡಿಬಂದರು.

"ಈಗರ ಕನಸಿನ್ಯಾಗ ಬಂದಿದ್ಲೋ ಅಣ್ಣಾ! ಬೆಳಕಿನ್ಯಾಗ ನಿಂತಿದ್ಲು. ಹೆದರಬ್ಯಾಡ ಅಂದ್ಲು. ಸುತ್ತಲೂ ಬರೇ ದವಾಖಾನಿ ವಾಸನಿ!"

"ಕಾಕಾ, ಅದು ಬರೇ ಕನಸ್ರಿ..." ಎಂದೆ.

"ಕನಸಲ್ಲೋ, ಖರೆ! ಅವ್ವನ ದನಿ ನನಗ ಗೊತ್ತಾಗಂಗಿಲ್ಲೇನು?"

ಇಷ್ಟು ದೊಡ್ಡ ಪ್ರಶಸ್ತಿ ನನ್ನ ಕಲೆಗೆ ಹಿಂದೆಂದೂ ಸಿಕ್ಕಿರಲಿಲ್ಲ. ಆದರೆ ಸಂತೋಷಪಡುವ ಸ್ಥಿತಿಯಲ್ಲಿ ನಾನಿರಲಿಲ್ಲ. ಊರಿಗೆ ಫೋನ್ ಹಚ್ಚಿದರೆ ಯಾರೂ ಎತ್ತಲಿಲ್ಲ. ಮನೆಯಲ್ಲಿ ಅಳು ಎದ್ದಿತು. ಓಣಿಯವರು ಬಂದರು. ಟೆಂಪೊ ಬಂತು. ನಾನು ಬಾಯಿ ತೆರೆದಾಗಲೆಲ್ಲ ಯಾರಾದರೂ ನನ್ನ ಬೆನ್ನು ಸವರಿ, "ಅಳಿಯಂದ್ರ, ಸಮಾಧಾನ ಮಾಡ್ಕೋರಿ" ಎನ್ನುತ್ತಿದ್ದರು!

ಟೆಂಪೊದಲ್ಲಿ ಗಿರಿಜೆ ನನ್ನ ಪಕ್ಕ ಕೂತಳು. ಮೂಗು ಅರಳಿಸಿದಳು. ಸ್ಪಿರಿಟ್ಟು!

"ನೀವ ಏನ್ರಿ?" ಎಂದು ಪಿಸುಗುಟ್ಟಿದಳು.

"ಮಿರ್ಚಿ ವ್ಯಾಳ್ಯಾದಾಗ ಬರೋಬ್ಬರಿ ನಡದಿತ್ತಲ್ಲ..."

"ಅವತ್ತು ನಾ ಎಚ್ಚರ ಇದ್ದೆ! ಕಿವ್ಯಾಗ ಬಾಯಿ ಇಟ್ಟು ಹಂಗ ಒದರಿದ್ರ ಯಾರಿಗೆ ನಿದ್ದಿ ಹತ್ತತೈತಿ? ಪಾಪ, ಆಸಿ ಆಗೇತಿ ಅಂತ ಮಾಡಿದೆ!"

ಗದಗದಲ್ಲಿ ದೊಡ್ಡದೊಂದು ಚೆಂಡುಹೂವಿನ ಹಾರ ಕೊಂಡರು. ಹಿರೇಹಂದಿಗೋಳ ಮುಟ್ಟಿದ ಕೂಡಲೇ ಮಾವ ಹಾರ ಹಿಡಿದು ಎಲ್ಲರಿಗಿಂತ ಮುಂಚೆ ಒಳಗೆ ನುಗ್ಗಿದರು. ಅಜ್ಜಿ ಗೋಡೆಗೊರಗಿ, ಕಣ್ಣು ಮುಚ್ಚಿ, ಆರಾಮವಾಗಿ ಎಲೆ ಅಡಿಕೆ ಜಗಿಯುತ್ತಿದ್ದಳು. ಜಗಿಯುವುದು ನಮ್ಮೆಲ್ಲರಿಗೂ ಕಂಡಿತು. ಮಾವನಿಗೆ ಕಾಣಲಿಲ್ಲ!

"ಯವ್ವಾ, ನನ್ನ ಬಿಟ್ಟು ಹೋದ್ಯಾ!" ಎಂದು ಹಾರ ಹಾಕಿ ಕಾಲ ಮೇಲೆ ಬಿದ್ದರು.

ಅಜ್ಜಿ ಕಣ್ಣು ತೆರೆದಳು. "ಯಾರಲೇ ಅಂವಾ? ಕುಂತು ಎಲಿ ತಿನ್ನಾಕಿಗೆ ಹಾರ ಹಾಕ್ತೀಯಲ್ಲೋ, ಕಣ್ಣು ಕಾಣಂಗಿಲ್ಲೇನು ನಿನಗ?"

ಮಾವ ಗಳಗಳನೆ ಅತ್ತುಬಿಟ್ಟರು. "ಕಾಣಂಗಿಲ್ಲಬೇ ಯವ್ವಾ! ಪೊರಿ ಬಂದಾವು!"

"ಬಂದ್ರ ತೆಗಿಸ್ಕೊಳ್ಳಾಕ ಏನು ಧಾಡಿ? ನಾಳಿಗೆ ದವಾಖಾನಿಗೆ ನಡಿ!"

"ಹೂನಬೇ" ಎಂದರು ಮಾವ, ಸಣ್ಣ ಹುಡುಗನಂತೆ.

ಮನೆಯವರೆಲ್ಲ ಸೇರಿ ಆಗದ್ದು ಒಂದೇ ಮಾತಿನಲ್ಲಿ ಆಗಿಹೋಯಿತು! ಆ ಕ್ಷಣಕ್ಕೆ ನಾನು ಸುಮ್ಮನಿದ್ದಿದ್ದರೆ ಎಲ್ಲವೂ ಚೆನ್ನಾಗಿ ಮುಗಿಯುತ್ತಿತ್ತು. ಆದರೆ ಉತ್ಸಾಹ ಬಿಡಬೇಕಲ್ಲ. "ನೋಡಿದ್ರ್ಯಾ? ನನ್ನ ವಿದ್ಯಾ ಫಲಿಸ್ತು!" ಎಂದು ಎರಡೂ ಕೈ ಎತ್ತಿ ಕೂಗಿಬಿಟ್ಟೆ.

ನಿಂಗಪ್ಪ ಕಾಕಾ ನಿಧಾನವಾಗಿ ಹತ್ತಿರ ಬಂದು ನನ್ನ ಕೈ ಮೂಸಿದರು. "ಇದ ವಾಸನಿ!"

ನಡೆದದ್ದನ್ನೆಲ್ಲ ಅಜ್ಜಿಯ ದನಿಯ ಸಮೇತ ಒಪ್ಪಿಸಬೇಕಾಯಿತು. ಅಜ್ಜಿ ಬಿದ್ದು ಬಿದ್ದು ನಕ್ಕಳು. ಹಾರ ಯಾಕೆ ಹಾಳು ಮಾಡುವುದೆಂದು ಅದನ್ನು ನನ್ನ ಕೊರಳಿಗೇ ಹಾಕಿ, ಬೆಟಗೇರಿ ಮುಟ್ಟುವ ತನಕ ತೆಗೆಯಕೂಡದು ಎಂದು ಅಪ್ಪಣೆ ಮಾಡಿದಳು. ಗದಗದಲ್ಲಿ ಚಹಾ ಕುಡಿಯಲು ಇಳಿದಾಗ ಒಬ್ಬರು ನನ್ನ ಕೈ ಕುಲುಕಿ, "ಯಾವ ಇಲೆಕ್ಷನ್ ಗೆದ್ರ್ಯಪಾ?" ಎಂದು ಕೇಳಿದರು.

ಆಪರೇಷನ್ ಸುಸೂತ್ರವಾಗಿ ಆಯಿತು. ಪಟ್ಟಿ ಬಿಚ್ಚುವ ದಿನ ನಾನು ಮಾವನ ಎದುರಿಗೇ ನಿಂತಿದ್ದೆ. ಮೊದಲು ಕಾಣುವ ಮುಖ ನನ್ನದಾಗಿರಲಿ ಎಂಬ ಆಸೆ. ಮಾವ ರೆಪ್ಪೆ ಬಡಿದರು. ನನ್ನನ್ನು ತಲೆಯಿಂದ ಕಾಲಿನವರೆಗೆ ಬಹಳ ಹೊತ್ತು ನೋಡಿದರು. ಆಮೇಲೆ ಮಗಳ ಕಡೆ ತಿರುಗಿದರು.

"ಗಿರಿಜಾ, ನಿನಗ ಇವ್ರನ್ನ ಪಸಂದ ಮಾಡಿದಾಗ ನನ್ನ ಕಣ್ಣು ಬರೋಬ್ಬರಿ ಇದ್ದೂವೇನಬೇ?"

ಗಿರಿಜೆ ನಿಟ್ಟುಸಿರು ಬಿಟ್ಟಳು.

"ಆವಾಗ ಪೊರಿ ಚಾಲೂ ಆಗಿತ್ತಪಾ."